ಇ ಪ್ಲಸ್ ಹನ್ನೊಂದು

ಮುಂಬೈ ಪಕ್ಕದ ಡೊಂಬಿವಲಿಯ ನಮ್ಮ ಕನ್ನಡ ಸಂಘದ ರಾಜ್ಯೋತ್ಸವಕ್ಕೆ ಮುನ್ನೂರು ಕುರ್ಚಿ ಹಾಕಿಸಿ ಹದಿನೇಳು ಜನ ಬಂದ ಕಥೆ ನಿಮಗೆಲ್ಲ ಗೊತ್ತೇ ಇದೆ. ಆ ಹದಿನೇಳರಲ್ಲಿ ಹನ್ನೊಂದು ಜನ ಕಮಿಟಿಯವರು. ಕನ್ನಡಾಭಿಮಾನ ಸತ್ತುಹೋಯಿತು ಎಂದು ಅಧ್ಯಕ್ಷರು ಮೈಕ್ ಹಿಡಿದು ಅರ್ಧ ಗಂಟೆ ಕೊರಗಿದರು. ಅಭಿಮಾನಕ್ಕೆ ಏನೂ ಆಗಿಲ್ಲ ಸ್ವಾಮಿ. ಆಮಂತ್ರಣವೇ ಹೋಗಿಲ್ಲ. ಕಳಿಸುವ ಕೆಲಸ ನನ್ನದಾಗಿತ್ತು.

ಹಳೆಯ ಕಾರ್ಯದರ್ಶಿ ಊರಿಗೆ ಹೊರಡುವ ಮುನ್ನ ಸದಸ್ಯರ ನಂಬರುಗಳನ್ನೆಲ್ಲ ಪೆನ್‌ಡ್ರೈವಿಗೆ ಹಾಕಿ ಕೊಟ್ಟಿದ್ದರು. "ವಿಸಿಎಫ್ ಫೈಲ್ ಮಾರಾಯ, ಎಲ್ಲದರಲ್ಲೂ ಓಪನ್ ಆಗ್ತದೆ" ಎಂದಿದ್ದರು. ಸುಳ್ಳಲ್ಲ, ಓಪನ್ ಆಯಿತು. ಹೆಸರು ಇರಬೇಕಾದ ಕಡೆ =ಇ0=ಬಿ2 ಎಂದು ಶುರುವಾಗಿ ಸಾಲುಗಟ್ಟಲೆ ಮಂತ್ರ. ಆಮೇಲೆ ತಿಳಿಯಿತು, ಇದು ವಿಕಾರ್ಡ್ ಎಂಬ, ಹೆಸರು-ನಂಬರು ಬರೆದಿಡುವ ಫೈಲ್ ಪದ್ಧತಿಯ 2.1ನೇ ಆವೃತ್ತಿ, ಅಂದರೆ 1996ರ ಕಾಲದ್ದು. ಅದರಲ್ಲಿ ಕನ್ನಡ ನೇರವಾಗಿ ಹೋಗುವುದಿಲ್ಲ, ವೇಷ ಹಾಕಿಕೊಂಡು ಹೋಗುತ್ತದೆ. 'ಶೆಟ್ಟಿ' ಎಂಬ ಎರಡಕ್ಷರಕ್ಕೆ 54 ಚಿಹ್ನೆ. ನಮ್ಮ ಸಂಘದಲ್ಲಿ ಎಷ್ಟು ಶೆಟ್ಟರಿದ್ದಾರೆ ಎಂದು ನಿಮಗೆ ಹೇಳಬೇಕಾಗಿಲ್ಲ. 1998ರಲ್ಲಿ 3.0 ಬಂತು, 2011ರಲ್ಲಿ 4.0 ಬಂತು. ಮೂರಕ್ಕೂ ಫೈಲ್ ಹೆಸರಿನ ಬಾಲ ಒಂದೇ, ವಿಸಿಎಫ್. ಹೊಟ್ಟೆಯಲ್ಲಿ ಏನಿದೆ ಎಂದು ತೆರೆದ ಮೇಲೆಯೇ ಗೊತ್ತು.

ನಮ್ಮ ಆಮಂತ್ರಣ ಕಳಿಸುವ ಆ್ಯಪಿಗೋ ಅಲ್ಪವಿರಾಮ ಹಾಕಿ ಬೇರ್ಪಡಿಸಿದ ಪಟ್ಟಿ, ಅಂದರೆ ಸಿಎಸ್‌ವಿ ಬೇಕು. ಸರಿ, ಬದಲಾಯಿಸೋಣ ಎಂದು ಒಂದು ಸೈಟಿಗೆ ಹೋದೆ. ಪೂರ್ತಿ ಉಚಿತ ಎಂದು ದೊಡ್ಡದಾಗಿ ಬರೆದಿತ್ತು. ಮುನ್ನೂರು ಜನರ ಹೆಸರು, ನಂಬರು, ವಿಳಾಸ ಎಲ್ಲ ಅಪ್‌ಲೋಡ್ ಮಾಡಿಸಿಕೊಂಡಿತು. ಹತ್ತು ಜನರನ್ನು ವಾಪಸ್ ಕೊಟ್ಟು, ಉಳಿದವರಿಗೆ ದುಡ್ಡು ಕೇಳಿತು. ಒತ್ತೆಯಾಳು ಇಟ್ಟುಕೊಳ್ಳುವವರೂ ಇದಕ್ಕಿಂತ ಮರ್ಯಾದೆಯಿಂದ ಮಾತಾಡುತ್ತಾರೆ. ದುಡ್ಡು ಕಟ್ಟಿದೆ.

ಬಂದ ಫೈಲನ್ನು ಸುಮ್ನೆ ಒಮ್ಮೆ ನೋಡೋಣ ಎಂದು ಸ್ಪ್ರೆಡ್‌ಶೀಟಿನಲ್ಲಿ ತೆರೆದೆ. ತೆರೆಯಬಾರದಿತ್ತು. ಸ್ಪ್ರೆಡ್‌ಶೀಟಿಗೆ ಅಂಕಿ ಕಂಡರೆ ಲೆಕ್ಕ ಮಾಡುವ ಚಟ. ಉಡುಪಿಯ 0820 ಹೋಗಿ 820 ಆಯಿತು, ಮುಂಬೈಯ 022 ಹೋಗಿ 22. ಪ್ಲಸ್ 91 ಹಾಕಿದ ಮೊಬೈಲುಗಳೆಲ್ಲ 9.19ಇ+11 ಎಂಬಂತಾದವು, ಅಂದರೆ 9.19 ಗುಣಿಸು ಹತ್ತರ ಹನ್ನೊಂದನೇ ಘಾತ. ಈ ಚಟಕ್ಕೆ ವಿಜ್ಞಾನಿಗಳೇ ಕೈಮುಗಿದಿದ್ದಾರೆ ಗೊತ್ತಾ? ಮಾರ್ಚ್1 ಎಂಬ ಜೀನ್ ಇತ್ತು. ಟೈಪ್ ಮಾಡಿದರೆ ಸಾಕು, ಹಾಳೆ ಅದನ್ನು ಮಾರ್ಚ್ ಒಂದನೇ ತಾರೀಖು ಮಾಡಿಬಿಡುತ್ತಿತ್ತು. ಆಗ ತಂತ್ರಾಂಶ ಬದಲಾಗಲಿಲ್ಲ. 2020ರಲ್ಲಿ, ಜೀನುಗಳಿಗೆ ಹೆಸರಿಡುವ ಸಮಿತಿ ಜೀನಿನ ಹೆಸರನ್ನೇ ಬದಲಾಯಿಸಿತು. ಮನುಷ್ಯನ ಮೈಯೊಳಗಿನ ಜೀನೇ ತಗ್ಗಿ ನಡೆಯುವಾಗ ಡೊಂಬಿವಲಿಯ ಸಂಘ ಯಾವ ಲೆಕ್ಕ?

ಸೇವ್ ಮಾಡಿದೆ. ಮೊದಲ ಆರು ಅಂಕಿ ಉಳಿದವು, ಕೊನೆಯ ಆರು ಸೊನ್ನೆಯಾದವು. ಒಂದೇ ಸರಣಿಯವರಿಗೆಲ್ಲ ಈಗ ಒಂದೇ ನಂಬರು. 'ಡೂಪ್ಲಿಕೇಟ್ ಸಿಕ್ಕಿವೆ, ಸೇರಿಸಲೇ?' ಎಂದು ಆ್ಯಪ್ ವಿನಯದಿಂದ ಕೇಳಿತು. ಹೌದು ಎಂದು ಒತ್ತಿದೆ. ಮುನ್ನೂರು ಜನ ಇಪ್ಪತ್ತೆರಡಾದರು. ಹದಿನೈದು ವರ್ಷದಿಂದ ಒಂದೇ ವೇದಿಕೆಯಲ್ಲಿ ಕೂರದ ಎರಡು ಬಣದವರನ್ನು ಆ ಫೈಲು ಒಂದೇ ನಂಬರಿನಡಿ ಕೂರಿಸಿತ್ತು. ಎಷ್ಟು ಅಧ್ಯಕ್ಷರು ಬಂದುಹೋದರು, ಒಬ್ಬರಿಂದಲೂ ಆಗದ ಕೆಲಸ!

ನಗು ಬರುತ್ತಿಲ್ಲ ನಿಜವಾಗಿ. 2011ರ ಜನವರಿಯಿಂದ ದೇಶದ ಎಲ್ಲೆಡೆ ನಂಬರನ್ನು ಒಂದು ಕಂಪನಿಯಿಂದ ಇನ್ನೊಂದಕ್ಕೆ ಒಯ್ಯಬಹುದು. ಸರಕಾರ ಕಟ್ಟುನಿಟ್ಟು ಮಾಡಿತು, ಕಂಪನಿಗಳು ಬಾಯಿ ಮುಚ್ಚಿಕೊಂಡು ಕೊಟ್ಟವು. ಆ ನಂಬರಿನ ಪಕ್ಕದ ಹೆಸರನ್ನು ಒಯ್ಯಲು ಮಾತ್ರ ಇವತ್ತಿಗೂ ಈ ಪಾಡು. ಏನಿದೆ ಇದರಲ್ಲಿ? ಒಂದು ಹೆಸರು, ಹತ್ತು ಅಂಕಿ. ಅಷ್ಟನ್ನು ಸರಿಯಾಗಿ ದಾಟಿಸಲು ಮೂವತ್ತು ವರ್ಷ ಸಾಲಲಿಲ್ಲ. ಮಾಡಲು ಬರುವುದಿಲ್ಲ ಎಂದಲ್ಲ. ನಾವು ಬಿಟ್ಟು ಹೋಗುವುದು ಈ ಆ್ಯಪ್ ಮಾಡುವವರಿಗೆ ಬೇಕಿಲ್ಲ, ಅದಕ್ಕೆ ಒಳಗೆ ಬರುವ ಬಾಗಿಲಿಗೆ ಎಣ್ಣೆ, ಹೊರಗೆ ಹೋಗುವ ಬಾಗಿಲಿಗೆ ತುಕ್ಕು.

ಈಗ ಹಳೆಯ ವಂತಿಗೆ ರಸೀದಿ ಪುಸ್ತಕ ಹುಡುಕಿ ತೆಗೆದಿದ್ದೇನೆ. ಒಂದೊಂದೇ ನಂಬರು ಒತ್ತಿ ಸರಿಯೋ ತಪ್ಪೋ ನೋಡುತ್ತಿದ್ದೇನೆ. ನಿನ್ನೆ ರಾತ್ರಿ ಒಬ್ಬರು ಫೋನ್ ಎತ್ತಿ, ಯಾರು ಮಾತಾಡುವುದು ಎಂದು ಮರಾಠಿಯಲ್ಲಿ ಕೇಳಿದರು. "ಕೋಣ್ ಬೋಲ್ತೋಯ್?"

"ಹೌದು ಸಾರ್, ಕೋಣವೇ" ಎಂದೆ.