ಕ್ಯಾಶ್ ಜಾಸ್ತಿ ಮಾಡಿದರೆ ಬ್ರೌಸರ್ ಓಡುತ್ತಾ?

ಹೋದ ಭಾನುವಾರ ಅಕ್ಕನ ಮಗಳು ಲ್ಯಾಪ್‌ಟಾಪ್ ತಂದು ಮುಂದಿಟ್ಟಳು. "ಮಾಮ, ಫೈರ್‌ಫಾಕ್ಸ್ ತುಂಬಾ ಸ್ಲೋ. ವಿಡಿಯೋದಲ್ಲಿ ಹೇಳಿದ ಸೆಟ್ಟಿಂಗ್ ಎಲ್ಲಾ ಮಾಡಿದೀನಿ, ಆದ್ರೂ ಅಷ್ಟೇ." 4 ಜಿಬಿ ರ‍್ಯಾಮ್‌ನ ಹಳೇ ಮಷಿನ್. ಪರೀಕ್ಷೆಗೆ ಓದುವುದೆಲ್ಲ ಅದರಲ್ಲೇ. ನೆಟ್ಟು ಮೊಬೈಲ್ ಹಾಟ್‌ಸ್ಪಾಟ್‌ನದು.

ಫೈರ್‌ಫಾಕ್ಸ್‌ನ ಒಳ ಸೆಟ್ಟಿಂಗ್‌ಗಳ ಪುಟ ಅಬೌಟ್:ಕಾನ್ಫಿಗ್ ತೆರೆದು ಬ್ರೌಸರ್.ಕ್ಯಾಶ್.ಮೆಮೊರಿ.ಕೆಪಾಸಿಟಿ ಹುಡುಕಿದೆ. ಕ್ಯಾಶ್ ಅಂದರೆ ನೋಡಿದ ಪುಟದ ಸಾಮಾನು ಮತ್ತೆ ಇಳಿಸದಿರಲು ಬ್ರೌಸರ್ ಕೂಡಿಡುವ ಜಾಗ. ರ‍್ಯಾಮ್‌ನಲ್ಲಿ ಅದಕ್ಕೆ ಎಷ್ಟು ಜಾಗ ಅಂತ ಹೇಳುವುದು ಈ ಸೆಟ್ಟಿಂಗ್. ದಪ್ಪ ಅಕ್ಷರದಲ್ಲಿ 524288 ಅಂತಿತ್ತು, ಅಂದರೆ ವಿಡಿಯೋ ನೋಡಿ ಅವಳು ಬದಲಿಸಿದ್ದು. ಲೆಕ್ಕ ಕೆಬಿಯಲ್ಲಿ, ಅಂದರೆ 512 ಎಂಬಿ. ಅಲ್ಲಿ ಮೊದಲಿಂದ ಇರುವುದು -1. ಎಷ್ಟು ಬೇಕೋ ರ‍್ಯಾಮ್ ನೋಡಿಕೊಂಡು ಬ್ರೌಸರೇ ತೀರ್ಮಾನ ಮಾಡುತ್ತದೆ ಅಂತ ಅರ್ಥ. 8 ಜಿಬಿ ಇದ್ದರೂ ಅದು ಹಾಕಿಕೊಳ್ಳುವ ಮಿತಿ 32 ಎಂಬಿ ಅಷ್ಟೇ.

ಇಷ್ಟು ಕಮ್ಮಿನಾ ಅನ್ನಿಸುತ್ತದೆ ಅಲ್ವಾ? ಆದರೆ ಈ ಮೆಮೊರಿ ಕ್ಯಾಶ್ ಒಲೆ ಪಕ್ಕದ ಒಗ್ಗರಣೆ ಡಬ್ಬಿ ಇದ್ದಂತೆ. ದಿನಸಿ ಇರುವುದು ಒಳಗಿನ ಉಗ್ರಾಣದಲ್ಲಿ. ನಾವು ನೋಡಿದ ಪುಟಗಳ ಚಿತ್ರ, ಸ್ಕ್ರಿಪ್ಟ್ ಬಹುಪಾಲು ಕೂರುವುದು ಡಿಸ್ಕ್ ಕ್ಯಾಶ್‌ನಲ್ಲಿ. ಡಿಸ್ಕಿಗೆ ಬರೆಯಬಾರದ ಸಾಮಾನು, ಪ್ರೈವೇಟ್ ವಿಂಡೋದ್ದು, ಇಂಥವು ಮೆಮೊರಿಗೆ ಬರುತ್ತವೆ. ಡಬ್ಬಿ ದೊಡ್ಡದು ಮಾಡಿದರೆ ಸಾಸಿವೆ ಜಾಸ್ತಿ ಆಗುವುದಿಲ್ಲ.

ಕ್ಯಾಶ್‌ನ ಲೆಕ್ಕ ತೋರಿಸುವ ಅಬೌಟ್:ಕ್ಯಾಶ್ ಪುಟ ತೆರೆದು ಅವಳಿಗೇ ತೋರಿಸಿದೆ. ಮೆಮೊರಿ ಮಿತಿ 512 ಎಂಬಿ, ಬಳಕೆಯಲ್ಲಿದ್ದದ್ದು 3 ಎಂಬಿಯೂ ಇಲ್ಲ. ಕೆಳಗೆ ಡಿಸ್ಕ್ ಕ್ಯಾಶ್ ನೋಡಿದರೆ ಹೆಚ್ಚುಕಮ್ಮಿ ಖಾಲಿ! ಕೇಳಿದರೆ, "ದಿನಾ ರಾತ್ರಿ ಕ್ಲಿಯರ್ ಮಾಡ್ತೀನಿ ಮಾಮ, ಕ್ಲೀನ್ ಇರ್ಲಿ ಅಂತ" ಅಂದಳು.

ನನಗೆ ಸಂಕಟ ಆಗಿದ್ದು ಇಲ್ಲೇ. ರಾತ್ರಿ ಉಗ್ರಾಣ ಗುಡಿಸಿ ಬೆಳಿಗ್ಗೆ ಅದೇ ಸಾಮಾನು ಮತ್ತೆ ಅಂಗಡಿಯಿಂದ ತರುವುದು. ಅದೇ ಲೋಗೋ, ಅದೇ ಫಾಂಟು, ಅದೇ ಸ್ಕ್ರಿಪ್ಟು ದಿನಾ ಹೊಸದಾಗಿ ಇಳಿಯಬೇಕು. ಅವಳ ಡೇಟಾ ಸುಮ್ನೆ ಖರ್ಚು. ಯಾವುದೋ ಪುಟ ಕೆಟ್ಟು ಕೂತಾಗ ಕ್ಯಾಶ್ ಅಳಿಸಿ, ಬೇಡ ಅನ್ನುವುದಿಲ್ಲ. ಊರವರ ಕಂಪ್ಯೂಟರ್ ಬಳಸಿದರೆ ಖಂಡಿತ ಅಳಿಸಿ. ನಿಮ್ಮ ಸ್ವಂತದ್ದಕ್ಕೆ ದಿನಾ ಯಾಕೆ?

ಅಬೌಟ್:ಕಾನ್ಫಿಗ್‌ಗೆ ವಾಪಸ್ ಹೋಗಿ 524288 ಇದ್ದ ಸಾಲಿನ ಬಲಗಡೆಯ ಬಾಗಿದ ಬಾಣ ಒತ್ತಿದೆ, -1 ವಾಪಸ್ ಬಂತು. ಆಮೇಲೆ ಶಿಫ್ಟ್ ಮತ್ತು ಎಸ್ಕೇಪ್ ಒಟ್ಟಿಗೆ ಒತ್ತಿದರೆ ಯಾವ ಟ್ಯಾಬ್ ಎಷ್ಟು ಮೆಮೊರಿ ತಿನ್ನುತ್ತಿದೆ ಅಂತ ಪಟ್ಟಿ ಬಂತು. 37 ಟ್ಯಾಬ್! ತಿಂಗಳ ಹಿಂದಿನ ಒಂದು ಸುದ್ದಿ ಪುಟವೇ 600 ಎಂಬಿ ಹಿಡಿದು ಕೂತಿತ್ತು. ಬೇಕಾದ್ದನ್ನು ಬುಕ್‌ಮಾರ್ಕ್ ಮಾಡಿಸಿ ಆರು ಉಳಿಸಿದೆವು.

ನಿನ್ನೆ ಫೋನ್ ಮಾಡಿದ್ದಳು. ಲ್ಯಾಪ್‌ಟಾಪ್ ಪರವಾಗಿಲ್ವಂತೆ. ಟ್ಯಾಬ್ ಮಾತ್ರ ಮತ್ತೆ ಹದಿನಾಲ್ಕು ಆಗಿವೆಯಂತೆ.