ಮತ್ತಿ ಎಂಬ ನಮ್ಮೋನು

ನಮ್ಮಲ್ಲಿ ಮತ್ತಿ ಅಂದರೆ ಮರ. ಹೊಳೆಯ ಪಕ್ಕ ನಿಂತರೆ ಹೊಳೆಮತ್ತಿ, ಕಾಡಿನೊಳಗೆ ಮೊಸಳೆ ಬೆನ್ನಿನಂಥ ತೊಗಟೆ ಹೊತ್ತು ನಿಂತರೆ ಕರಿಮತ್ತಿ. ಫಿನ್ಲೆಂಡಿನಲ್ಲಿ ಮತ್ತಿ ಅಂದರೆ ಗಂಡಸು. ಅಲ್ಲಿ ಹತ್ತಾರು ತಲೆಮಾರಿನಿಂದ ಗಂಡುಮಕ್ಕಳಿಗೆ ಇಡುತ್ತ ಬಂದ, ಇಟ್ಟು ಇಟ್ಟು ಅಂಚು ಸವೆದುಹೋದ ಹೆಸರು ಅದು.

ಮೊದಲು ಉಚ್ಚಾರ. ಇಂಗ್ಲಿಷಿನ ದಾರಿಯಲ್ಲಿ ಬಂದರೆ ಈತ ‘ಮ್ಯಾಟಿ’ ಆಗುತ್ತಾನೆ. ಎರಡು ತಪ್ಪು ಒಟ್ಟಿಗೆ. ಫಿನ್ನಿಶ್ ಭಾಷೆಯ ‘ತ’ ಹಲ್ಲಿಗೆ ನಾಲಿಗೆ ತಾಗಿಸಿ ಹೇಳುವ ನಮ್ಮ ‘ತ’ವೇ ಹೊರತು ‘ಟ’ ಅಲ್ಲ, ಅದಕ್ಕೆ ಉಸಿರಿನ ಜೋರೂ ಇಲ್ಲ. ಎರಡು ‘ತ’ ಬರೆದಿದ್ದರೆ ಎರಡನ್ನೂ ಹೇಳಬೇಕು, ಅಂದರೆ ಒತ್ತಕ್ಷರ. ಕೊನೆಯ ‘ಇ’ ಹ್ರಸ್ವ; ‘ಮತ್ತೀ’ ಅಂತ ಎಳೆದರೆ ಕೆಡುತ್ತದೆ. ಮೊದಲ ಅಕ್ಷರದ ‘ಅ’ ಮಾತ್ರ ನಮ್ಮದಕ್ಕಿಂತ ಸ್ವಲ್ಪ ಬಾಯಿ ತೆರೆದದ್ದು: ‘ಆ’ ಎನ್ನಲು ಹೊರಟು ಅರ್ಧಕ್ಕೆ ನಿಲ್ಲಿಸಿದ ಹಾಗೆ. ಇಷ್ಟು ಮಾಡಿದರೆ ಹೆಲ್ಸಿಂಕಿಯ ಯಾವ ಮತ್ತಿಯಾದರೂ ತಿರುಗಿ ನೋಡುತ್ತಾನೆ. ಲಂಡನ್ನಿನವರು ತಿಣುಕುವ ಹೆಸರನ್ನು ಕನ್ನಡ ಲಿಪಿ ಎರಡೇ ಅಕ್ಷರದಲ್ಲಿ ಸಲೀಸಾಗಿ ಹಿಡಿದುಬಿಡುತ್ತದೆ.

ಅರ್ಥ ನೋಡಿ. ಹೀಬ್ರೂವಿನ ‘ಮತ್ತಿತ್ಯಾಹು’ ಗ್ರೀಕಿನಲ್ಲಿ ಮತ್ತಿಯಾಸ್ ಆಯಿತು, ಅಲ್ಲಿಂದ ಲ್ಯಾಟಿನ್, ಸ್ವೀಡಿಷ್ ದಾಟಿ ಉತ್ತರಕ್ಕೆ ಬಂತು. ದೇವರು ಕೊಟ್ಟವನು ಅಂತ ಅರ್ಥ. ಇದನ್ನು ಸಂಸ್ಕೃತಕ್ಕೆ ತಿರುಗಿಸಿ: ದೇವದತ್ತ. ಇಲ್ಲಿಗೆ ನಿಂತಿದ್ದರೆ ನಿಘಂಟಿನ ವಿಷಯವಾಗುತ್ತಿತ್ತು. ಆದರೆ ನಮ್ಮ ತರ್ಕ, ವ್ಯಾಕರಣದ ಪಾಠಗಳಲ್ಲಿ ಉದಾಹರಣೆಗೆ ಯಾರಾದರೂ ಒಬ್ಬ ಬೇಕಾದಾಗಲೆಲ್ಲ ಎದ್ದು ಬರುವವನು ಈ ದೇವದತ್ತನೇ. ಅನ್ನ ಬೇಯಿಸುವವನು ಅವನು, ಊರಿಗೆ ಹೋಗುವವನು ಅವನು. ಹಗಲು ಊಟ ಮಾಡದಿದ್ದರೂ ದಪ್ಪಗಿರುವ, ಹಾಗಾಗಿ ರಾತ್ರಿ ತಿನ್ನುತ್ತಾನೆಂದು ಮೀಮಾಂಸಕರ ಕೈಗೆ ಸಿಕ್ಕಿಬೀಳುವ ‘ಪೀನೋ ದೇವದತ್ತಃ’ ಕೂಡ ಅವನೇ. ಫಿನ್ಲೆಂಡಿನ ದೇವದತ್ತನಿಗೂ ಅದೇ ಗತಿ. ಅರ್ಜಿ ನಮೂನೆಯಲ್ಲಿ ಹೆಸರು ಹೇಗೆ ಬರೆಯಬೇಕೆಂದು ತೋರಿಸಲು ಅಲ್ಲಿ ಬಳಸುವುದು ‘ಮತ್ತಿ ಮೆಯ್ಕ್ಯಾಲ್ಯಾಯ್ನೆನ್’. ಎರಡನೆಯ ಭಾಗದ ಅರ್ಥ ‘ನಮ್ಮೋನು’, ನಮ್ಮ ಪೈಕಿಯವನು. ಹೆಂಗಸಾದರೆ ಮಾಯ್ಯಾ ಮೆಯ್ಕ್ಯಾಲ್ಯಾಯ್ನೆನ್. ಎರಡು ನಾಡಿನ ನಡುವೆ ಯಾರೂ ಪತ್ರ ಬರೆದುಕೊಳ್ಳಲಿಲ್ಲ, ಆದರೂ ಇಬ್ಬರಿಗೂ ಹೆಸರಿಲ್ಲದವನಿಗೆ ಇಡಲು ಸಿಕ್ಕಿದ್ದು ದೇವರು ಕೊಟ್ಟವನ ಹೆಸರೇ.

ಬೈಬಲ್ಲಿನ ಮೂಲ ಮತ್ತಿಯಾಸನೂ ಅಷ್ಟೇನೂ ಎದ್ದುಕಾಣುವವನಲ್ಲ. ಯೂದ ದ್ರೋಹ ಮಾಡಿ ಸತ್ತ ಮೇಲೆ ಹನ್ನೆರಡು ಶಿಷ್ಯರಲ್ಲಿ ಒಂದು ಜಾಗ ಖಾಲಿಯಾಯಿತು. ಇಬ್ಬರ ಹೆಸರು ಬಂತು, ಚೀಟಿ ಹಾಕಿದರು, ಚೀಟಿ ಮತ್ತಿಯಾಸನಿಗೆ ಬಿತ್ತು. ಆಮೇಲೆ ಬೈಬಲ್ಲಿನಲ್ಲಿ ಅವನ ಸುದ್ದಿಯೇ ಇಲ್ಲ. ಸುವಾರ್ತೆ ಬರೆದ ಮತ್ತಾಯ ಬೇರೆ, ಇವನು ಬೇರೆ. ಆದರೆ ಮತ್ತಾಯನ ಹೆಸರೂ ಫಿನ್ನಿಶ್ ಬಾಯಲ್ಲಿ ಮತ್ತಿ ಎಂದೇ ಆದದ್ದರಿಂದ ಇಬ್ಬರೂ ಒಂದೇ ಅಂಗಿಯೊಳಗೆ ಸೇರಿಹೋದರು.

ಸಂತರ ಉದ್ದುದ್ದ ಹೆಸರುಗಳನ್ನು ಕತ್ತರಿಸುವುದರಲ್ಲಿ ಫಿನ್ನಿಶ್ ಜನ ನುರಿತ ದರ್ಜಿಗಳು. ಹಳೆಯ ಫಿನ್ನಿಶ್‌ನಲ್ಲಿ ಪದದ ಆರಂಭಕ್ಕೆ ಎರಡು ವ್ಯಂಜನ ಕೂಡಿ ಬರುತ್ತಿರಲಿಲ್ಲ. ಬ, ಗ, ಫ ಎಂಬ ಧ್ವನಿಗಳೂ ಸ್ವಂತದ್ದಲ್ಲ. ಹಾಗಾಗಿ ಕ್ರಿಸ್ಟೋಫರನ ‘ಕ’ ಉದುರಿ ರಿಸ್ತೊ ಆದ. ಸ್ತೇಫನನ ‘ಸ’ ಹೋಗಿ, ‘ಫ’ ಇದ್ದಲ್ಲಿ ‘ಪ’ ಕೂತು ತಪನಿ ಆದ. ಹೆನ್ರಿಕುಸ್ ಹೆಯ್ಕ್ಕಿಯಾದ, ಆಂಡ್ರಿಯಾಸ್ ಅಂತ್ತಿಯಾದ, ಪೆಟ್ರುಸ್ ಪೆಕ್ಕ ಆದ. ಲೌರೆಂಟಿಯುಸ್ ಲೌರಿಯಾದ, ತುಳುನಾಡಿಗೆ ಬಂದು ಗೋಪಾಲ ನಾಯ್ಕರ ಬಾಯಿಂದ ಸಿರಿ ಕಾವ್ಯವನ್ನು ದಾಖಲಿಸಿಕೊಂಡ ಫಿನ್ಲೆಂಡಿನ ಜಾನಪದ ವಿದ್ವಾಂಸ ಲೌರಿ ಹೋಂಕೊ ಅವರ ಹೆಸರು ಇದೇ. ನಮಗಿದು ಹೊಸದೇನಲ್ಲ. ಶ್ರೀನಿವಾಸನ ‘ಶ್ರೀ’ ಸವೆದು ಸೀನ, ಕೃಷ್ಣ ಕಿಟ್ಟ, ಸುಬ್ರಹ್ಮಣ್ಯ ಸುಬ್ಬ. ಕೂಗಲು ಕಷ್ಟವಾದ ಜೋಡಿ ಬಿಚ್ಚುವುದು, ಉಳಿದದ್ದಕ್ಕೆ ಒತ್ತು ಕೊಟ್ಟು ಗಟ್ಟಿ ಮಾಡುವುದು. ಕಿಟ್ಟನಿಗೆ ಮಾಡಿದ್ದೇ ಮತ್ತಿಗೂ ಮಾಡಿದ್ದು. ವ್ಯತ್ಯಾಸ ಒಂದೇ. ಸೀನ ಇಂದಿಗೂ ಮನೆಯೊಳಗಿನ ಹೆಸರು, ಪಡಿತರ ಚೀಟಿಯಲ್ಲಿ ಶ್ರೀನಿವಾಸನೇ ಇರುತ್ತಾನೆ. ಮತ್ತಿ ಮಾತ್ರ ದಾಖಲೆಗೇ ಹತ್ತಿಬಿಟ್ಟ.

ಹತ್ತಲು ಶತಮಾನಗಳೇ ಬೇಕಾದವು. 1809ರವರೆಗೆ ಫಿನ್ಲೆಂಡ್ ಸ್ವೀಡನ್ನಿನ ಭಾಗ, ಆಮೇಲೆ 1917ರವರೆಗೆ ರಷ್ಯಾದ ಚಕ್ರವರ್ತಿಯ ಕೆಳಗೆ. ಆಳಿದವರು ಬದಲಾದರೂ ಚರ್ಚಿನ ಪುಸ್ತಕದ ಭಾಷೆ ಬಹುಕಾಲ ಸ್ವೀಡಿಷೇ ಆಗಿ ಉಳಿಯಿತು. ಅಮ್ಮ ಮತ್ತಿ ಅಂತ ಕರೆದ ಕೂಸನ್ನು ಪಾದ್ರಿ ‘ಮ್ಯಾಟ್ಸ್’ ಎಂದು ಬರೆದುಕೊಂಡ. ಮತ್ತಿಯ ಮಗ ಮತ್ತಿ, ಅಂದರೆ ‘ಮತ್ತಿ ಮತಿನ್‌ಪೊಯ್ಕ’, ಪುಸ್ತಕದಲ್ಲಿ ‘ಮ್ಯಾಟ್ಸ್ ಮ್ಯಾಟ್ಸನ್’ ಆದ. ವಂಶಾವಳಿ ಹುಡುಕುವವರು ಮೊದಲು ಎಡವುವುದು ಇಲ್ಲೇ. ಒಂದೇ ಚರ್ಚಿನ ವ್ಯಾಪ್ತಿಯಲ್ಲಿ ಒಂದೇ ಕಾಲಕ್ಕೆ ನಾಲ್ಕೈದು ಮ್ಯಾಟ್ಸ್ ಮ್ಯಾಟ್ಸನ್ ಸಿಗುತ್ತಾರೆ. ಅಣ್ಣ ತೀರಿಕೊಂಡರೆ ಅದೇ ಹೆಸರನ್ನು ಮುಂದೆ ಹುಟ್ಟಿದ ತಮ್ಮನಿಗೆ ಇಡುವ ವಾಡಿಕೆಯೂ ಇತ್ತು. ಅದು ಗೊತ್ತಿಲ್ಲದವರು ಸತ್ತವನಿಗೇ ಮದುವೆ ಮಾಡಿಸಿ ಮೊಮ್ಮಕ್ಕಳನ್ನು ಎಣಿಸುತ್ತ ಕೂರುತ್ತಾರೆ. ಅನುಭವಸ್ಥರು ಹೆಸರು ಹಿಡಿದು ಹುಡುಕುವುದಿಲ್ಲ. ಊರು, ಹೊಲಮನೆ, ಹುಟ್ಟಿದ ತಾರೀಖು, ಈ ಮೂರನ್ನೂ ಹಿಡಿದು ಪುಟ ತಿರುವುತ್ತಾರೆ, ಏಕೆಂದರೆ ಆ ಪುಸ್ತಕಗಳ ಜೋಡಣೆಯೇ ಊರು-ಹೊಲಮನೆಯ ಲೆಕ್ಕದಲ್ಲಿದೆ.

ಹೊಲಮನೆಯೂ ಪೂರ್ತಿ ನಂಬಿಕಸ್ಥನಲ್ಲ. ಮತ್ತಿಯ ಜಮೀನಿಗೆ ‘ಮತ್ತಿಲ’ ಎಂದು ಹೆಸರು. ‘ಲ’ ಸೇರಿದರೆ ಅವನಿರುವ ಜಾಗ. ಪಶ್ಚಿಮ ಫಿನ್ಲೆಂಡಿನಲ್ಲಿ ಆ ಮನೆಯಲ್ಲಿ ಯಾರು ಒಕ್ಕಲು ಕೂತರೂ ಅವರು ಮತ್ತಿಲ. ಮನೆಅಳಿಯನಾಗಿ ಬಂದವನು ತನ್ನ ಹಳೆಯ ಮನೆಯ ಹೆಸರನ್ನು ಹೊಸ್ತಿಲಾಚೆ ಬಿಟ್ಟು ಹೆಂಡತಿಯ ಮನೆ ಹೆಸರು ಹೊದೆಯುತ್ತಿದ್ದ. ಹಾಗಾಗಿ ಮತ್ತಿಲ ಎಂಬ ಇಬ್ಬರು ರಕ್ತಸಂಬಂಧಿಗಳೇ ಆಗಿರಬೇಕಿಲ್ಲ. ಪೂರ್ವದಲ್ಲಿ ಹಾಗಲ್ಲ, ಅಲ್ಲಿ ‘ನೆನ್’ ಎಂದು ಮುಗಿಯುವ ಕುಲನಾಮ ತಂದೆಯಿಂದ ಮಗನಿಗೆ ಇಳಿಯುತ್ತಿತ್ತು. ಎಲ್ಲರಿಗೂ ಒಂದು ಕುಲನಾಮ ಕಡ್ಡಾಯ ಎಂಬ ಕಾನೂನು ಬಂದದ್ದು 1920ರಲ್ಲಿ.

ಇನ್ನು ವಿಭಕ್ತಿಗೆ ಬರೋಣ. ಈ ಹೆಸರಿನ ನಿಜವಾದ ಮೋಜು ಇರುವುದು ಅಲ್ಲಿ. ಫಿನ್ನಿಶ್‌ನಲ್ಲಿ ಹದಿನೈದು ವಿಭಕ್ತಿ. ನಮ್ಮ ಹಾಗೆ ಪ್ರತ್ಯಯ ಪದದ ಬಾಲಕ್ಕೇ ಅಂಟುತ್ತದೆ, ಅಲ್ಲಿಯವರೆಗೆ ಕನ್ನಡಿಗನಿಗೆ ನೆಂಟರ ಮನೆಗೆ ಬಂದ ಹಾಗಿರುತ್ತದೆ. ಆದರೆ ನಾವು ಮತ್ತಿಯ, ಮತ್ತಿಗೆ, ಮತ್ತಿಯಿಂದ ಅಂದರೂ ಮತ್ತಿ ಮತ್ತಿಯಾಗಿಯೇ ಉಳಿಯುತ್ತಾನೆ. ಅವರಲ್ಲಿ ಪ್ರತ್ಯಯ ಬಂದು ಕೂತರೆ ಹೆಸರಿನ ಹೊಟ್ಟೆಯೇ ಕರಗುತ್ತದೆ. ‘ಮತ್ತಿಯ’ ಅನ್ನಲು ‘ಮತಿನ್’ ಅನ್ನಬೇಕು. ಒತ್ತು ಬಿತ್ತು, ಮತ್ತಿ ಮತಿಯಾದ. ನಿಯಮ ಇಷ್ಟು: ‘ತ’ ಇರುವ ಆ ಅಕ್ಷರ ಸ್ವರಕ್ಕೇ ನಿಂತರೆ ಒತ್ತು ಉಳಿಯುತ್ತದೆ, ಹಿಂದಿನಿಂದ ವ್ಯಂಜನ ಬಂದು ಬಾಗಿಲು ಹಾಕಿದರೆ ಒಂದು ‘ತ’ ಹೊರಗೆ ಬೀಳುತ್ತದೆ. ಪೆಕ್ಕನ ಪುಸ್ತಕ ಎನ್ನಲು ಪೆಕನ್, ಹೆಯ್ಕ್ಕಿಯ ಪುಸ್ತಕ ಎನ್ನಲು ಹೆಯ್ಕಿನ್.

ಹೊಸಬರು ಎರಡೂ ಕಡೆಯಿಂದ ಬೀಳುತ್ತಾರೆ. ಫಲಕದಲ್ಲಿ ‘ಮತಿನ್’ ಎಂದು ಕಂಡು ಅಂಗಡಿ ಮಾಲೀಕನ ಹೆಸರೇ ಮತಿನ್ ಅಂದುಕೊಳ್ಳುವುದು ಒಂದು. ನಿಯಮ ಮರೆತು ‘ಮತ್ತಿನ್’ ಎನ್ನುವುದು ಇನ್ನೊಂದು. ಕೇಳಿದವರಿಗೆ ಅರ್ಥವಾಗುತ್ತದೆ, ಆದರೆ ಹೊರಗಿನವರು ಅಂತಲೂ ಗೊತ್ತಾಗುತ್ತದೆ. ಎಲ್ಲಕ್ಕಿಂತ ಸೊಗಸಾದ ಜಾರುಬಂಡೆ ಮೇಲೆ ಹೇಳಿದ ‘ಮತ್ತಿಲ’. ಅದು ಜಮೀನು. ಒತ್ತನ್ನು ‘ತ’ದಿಂದ ಎತ್ತಿ ‘ಲ’ದ ಕೆಳಗೆ ಇಟ್ಟರೆ ‘ಮತಿಲ್ಲ’: ಮತ್ತಿಯ ಬಳಿ, ಮತ್ತಿಗೆ ಇದೆ. ‘ಮತಿಲ್ಲ ಒನ್ ಕಿರ್ಯ’ ಅಂದರೆ ಮತ್ತಿಯ ಬಳಿ ಪುಸ್ತಕವಿದೆ. ಕನ್ನಡದ ಕಿವಿಗೆ ಮತಿಯೇ ಇಲ್ಲದವನ ಕೈಗೆ ಪುಸ್ತಕ ಕೊಟ್ಟಂತೆ ಕೇಳಿಸಿದರೆ ಅದು ಫಿನ್ನಿಶ್‌ನ ತಪ್ಪಲ್ಲ.

ಇಷ್ಟೊಂದು ಒತ್ತು ಬಿದ್ದರೆ ಪದಗಳು ಒಂದಕ್ಕೊಂದು ಡಿಕ್ಕಿ ಹೊಡೆಯುವುದಿಲ್ಲವೇ? ‘ಮತ್ತೊ’ ಅಂದರೆ ನೆಲಹಾಸು, ‘ಮತೊ’ ಅಂದರೆ ಹುಳು. ನೆಲಹಾಸಿನ ಎನ್ನಲು ಒತ್ತು ಬಿದ್ದು ‘ಮತೊನ್’ ಆಯಿತು. ಈಗ ಅದು ಹುಳುವಿನದಾಗಬೇಕಿತ್ತು. ಆದರೆ ಹುಳು ಜಾಗ ಬಿಟ್ಟು ಆಗಲೇ ಇನ್ನೊಂದು ಮೆಟ್ಟಿಲು ಇಳಿದಿರುತ್ತದೆ, ‘ಮದೊನ್’. ಮೇಲಿನವನು ಇಳಿದಂತೆ ಕೆಳಗಿನವನೂ ಇಳಿಯುತ್ತಾನೆ, ಮೆಟ್ಟಿಲ ಮೇಲೆ ಯಾರೂ ಯಾರ ಕಾಲನ್ನೂ ತುಳಿಯುವುದಿಲ್ಲ.

ಮತ್ತಿ ಎಂಬ ಹೆಸರಿನ ದೊಡ್ಡವರಿಗೇನೂ ಕೊರತೆಯಿಲ್ಲ. 1932ರ ಒಲಿಂಪಿಕ್ಸ್‌ನಲ್ಲಿ ಜಾವೆಲಿನ್ ಚಿನ್ನ ಗೆದ್ದ ಮತ್ತಿ ಯಾರ್ವಿನೆನ್. 1984ರಲ್ಲಿ ಒಂದು, 1988ರಲ್ಲಿ ಮೂರು ಒಲಿಂಪಿಕ್ ಚಿನ್ನ ಗೆದ್ದ ಸ್ಕೀ ಜಿಗಿತಗಾರ ಮತ್ತಿ ನ್ಯುಕ್ಯಾನೆನ್. 2003ರಿಂದ 2010ರವರೆಗೆ ಪ್ರಧಾನಿಯಾಗಿದ್ದ ಮತ್ತಿ ವನ್ಹನೆನ್. ಆದರೆ ಭಾಷೆ ತನ್ನೊಳಗೆ ಇಟ್ಟುಕೊಂಡದ್ದು ಇವರನ್ನಲ್ಲ, ಹೆಸರಿಗೆ ಮುಖವಿಲ್ಲದ ಬೇರೆ ಮತ್ತಿಗಳನ್ನು. ಮಕ್ಕಳ ಕಣ್ಣಿಗೆ ಮರಳು ಎರಚಿ ನಿದ್ದೆ ಬರಿಸುವವನು ನುಕ್ಕುಮತ್ತಿ. ‘ನುಕ್ಕುವ’ ಅಂದರೆ ಮಲಗುವುದು. ಚದುರಂಗದಲ್ಲಿ ರಾಜ ಸಿಕ್ಕಿಬಿದ್ದರೆ ‘ಶಕ್ಕಿಮತ್ತಿ’. ಅದು ಪರ್ಶಿಯನ್ನಿನ ‘ಮಾತ್’ ಯೂರೋಪು ಸುತ್ತಿ ಬಂದು ಈ ಹೆಸರಿನ ವೇಷ ತೊಟ್ಟದ್ದು, ಸಂತನಿಗೂ ಅದಕ್ಕೂ ನೆಂಟಸ್ತನವಿಲ್ಲ. ತಿಂಗಳ ಕೊನೆಗೆ ಕಾಸಿಲ್ಲದಿದ್ದರೆ ‘ಮತ್ತಿ ಕುಕ್ಕರೊಸ್ಸ’, ಅಂದರೆ ಪರ್ಸಿನಲ್ಲಿ ಮತ್ತಿ ಕೂತಿದ್ದಾನೆ. ದೇವರು ಕೊಟ್ಟವನು ಎಂಬ ಹೆಸರು ಏನೂ ಇಲ್ಲ ಎನ್ನುವುದಕ್ಕೆ ಗುರುತಾಗುವುದು ಸ್ವಲ್ಪ ಕ್ರೂರವೇ. ಆದರೂ ‘ದುಡ್ಡಿಲ್ಲ’ ಎನ್ನುವುದಕ್ಕಿಂತ ‘ಪರ್ಸಿನಲ್ಲಿ ಒಬ್ಬ ಇದ್ದಾನೆ’ ಎನ್ನುವುದರಲ್ಲಿ ಮರ್ಯಾದೆ ಉಳಿಯುತ್ತದೆ.

ಕೊನೆಯವನು ‘ಮತ್ತಿ ಮ್ಯುಯೋಹ್ಯಾಯ್ನೆನ್’, ತಡವಾಗಿ ಬರುವ ಮತ್ತಿ. ಇವನು ಎಷ್ಟು ಸವೆದಿದ್ದಾನೆಂದರೆ ಎರಡೂ ಪದ ಕೂಡಿಸಿ, ಅಂಕಿತನಾಮದ ದೊಡ್ಡಕ್ಷರವನ್ನೂ ಕಿತ್ತು, ಮಾಮೂಲಿ ನಾಮಪದವಾಗಿ ಬರೆಯುತ್ತಾರೆ. ಕ್ರಿಸ್‌ಮಸ್ ಹಿಂದಿನ ದಿನ ಉಡುಗೊರೆಗೆ ಓಡುವವರು, ಕೊನೆಯ ಗಳಿಗೆಗೆ ಅರ್ಜಿ ಹಾಕುವವರು ಎಲ್ಲ ಈ ಗುಂಪು. ಮತ್ತಿಗೇ ಇದೆಲ್ಲ ಯಾಕೆ ಅಂಟಿತು ಅನ್ನುವುದಕ್ಕೆ ಅರ್ಧ ಕಾರಣ ಕಿವಿಯಲ್ಲಿದೆ. ಕನ್ನಡದ ಹಳೆಯ ಪದ್ಯಕ್ಕೆ ಎರಡನೆಯ ಅಕ್ಷರದ ಪ್ರಾಸ ಬೇಕು. ಫಿನ್ನಿಶ್ ಜನಪದ ಕಾವ್ಯಕ್ಕೆ ಮೊದಲ ಅಕ್ಷರದ್ದು. ಮತ್ತಿ-ಮಾಯ್ಯಾ, ಮತ್ತಿ ಮೆಯ್ಕ್ಯಾಲ್ಯಾಯ್ನೆನ್, ಮತ್ತಿ ಮ್ಯುಯೋಹ್ಯಾಯ್ನೆನ್: ಎಲ್ಲೆಲ್ಲೂ ‘ಮ’ಕಾರ. ತಡ ಎನ್ನುವ ಪದ ‘ಪ’ದಿಂದ ಶುರುವಾಗಿದ್ದರೆ ಬಹುಶಃ ಪೆಕ್ಕ ಸಿಕ್ಕಿಬೀಳುತ್ತಿದ್ದ.

ಫಿನ್ಲೆಂಡಿನಲ್ಲಿ ಹುಟ್ಟುಹಬ್ಬದ ಜೊತೆಗೆ ಹೆಸರುಹಬ್ಬವೂ ಉಂಟು. ಪಂಚಾಂಗದ ಬಹುತೇಕ ಎಲ್ಲ ದಿನಕ್ಕೂ ಒಂದಷ್ಟು ಹೆಸರು ಹಂಚಿರುತ್ತಾರೆ. ಪಟ್ಟಿಯನ್ನು ನೋಡಿಕೊಳ್ಳುವುದು ಹೆಲ್ಸಿಂಕಿ ವಿಶ್ವವಿದ್ಯಾಲಯದ ಪಂಚಾಂಗ ಕಚೇರಿ. ಆ ದಿನ ಆ ಹೆಸರಿನವರಿಗೆ ಒಂದು ಶುಭಾಶಯ, ಕಾಫಿ, ಏಲಕ್ಕಿ ಹಾಕಿದ ಬನ್ನು. ಏಲಕ್ಕಿ ಅಲ್ಲಿ ಬೆಳೆಯುವುದಿಲ್ಲ, ಆದರೂ ಅದಿಲ್ಲದ ಬನ್ನು ಅವರಿಗೆ ಬನ್ನಲ್ಲ. ಜನವರಿ 19 ಹೆಯ್ಕ್ಕಿಯದು. ಅಂದು ಚಳಿಗಾಲದ ಬೆನ್ನು ಮುರಿಯಿತು, ಗುಹೆಯಲ್ಲಿ ಮಲಗಿದ ಕರಡಿ ಮಗ್ಗುಲು ಬದಲಿಸಿತು ಅಂತ ಲೆಕ್ಕ. ಕೊಟ್ಟಿಗೆಯಲ್ಲಿ ಹುಲ್ಲು ಅರ್ಧ ಉಳಿದಿದೆಯೇ ಎಂದು ನೋಡಿಕೊಳ್ಳುವ ದಿನವೂ ಅದೇ.

ಮತ್ತಿಯ ದಿನ ಫೆಬ್ರವರಿ 24. ಇಲ್ಲೊಂದು ತೊಡಕಿತ್ತು. ಅಧಿಕ ವರ್ಷದ ಹೆಚ್ಚುವರಿ ದಿನವನ್ನು ನಾವು 29 ಅಂತ ತಿಳಿಯುತ್ತೇವೆ. ರೋಮನ್ನರ ಲೆಕ್ಕದಲ್ಲಿ ಅದನ್ನು ತುರುಕುತ್ತಿದ್ದದ್ದು ತಿಂಗಳ ತುದಿಗಲ್ಲ, 24ನೇ ತಾರೀಖಿನ ಜಾಗಕ್ಕೆ. ಫಿನ್ಲೆಂಡಿನ ಪಂಚಾಂಗ 20ನೇ ಶತಮಾನದ ಕೊನೆಯವರೆಗೂ ಆ ಲೆಕ್ಕವನ್ನೇ ಹಿಡಿದಿತ್ತು. ಅಧಿಕ ವರ್ಷ ಬಂದರೆ 24 ಯಾರ ಹೆಸರೂ ಇಲ್ಲದೆ ಖಾಲಿ, ಮತ್ತಿ 25ಕ್ಕೆ. ಹಾಗೆ ನಾಲ್ಕು ವರ್ಷಕ್ಕೊಮ್ಮೆ ತನ್ನ ಹಬ್ಬಕ್ಕೆ ತಾನೇ ಒಂದು ದಿನ ತಡವಾಗಿ ಬರುತ್ತಿದ್ದ. ಈಗ ಹೆಚ್ಚಿನ ದಿನ 29ಕ್ಕೆ ಹೋಗಿದೆ, ಮತ್ತಿ ಪ್ರತಿವರ್ಷ 24ಕ್ಕೇ ಹಾಜರು.