ಆ ಹಳದಿ ದೀಪ ಆರಿಸಿಕೊಡಿ ಅನ್ನಬೇಡಿ

ಮೂರು ವಾರ ನನ್ನ ಕಾರಿನ ಮೀಟರ್ ಬೋರ್ಡಿನಲ್ಲಿ ಒಂದು ಹಳದಿ ದೀಪ ಹತ್ತುತ್ತಿತ್ತು, ಆರುತ್ತಿತ್ತು. ಒಂದು ಕಾರು ಇನ್ನೊಂದಕ್ಕೆ ಗುದ್ದಿ ಕಿಡಿ ಹಾರಿದ ಹಾಗೆ ಚಿತ್ರ. ಪಕ್ಕದಲ್ಲಿ ಇಂಗ್ಲಿಷಿನಲ್ಲಿ ಒಂದು ಸಾಲು. ಅದನ್ನು ನಾನು "ಡಿಕ್ಕಿ ತಪ್ಪಿಸೋ ಸಿಸ್ಟಮ್ ಕೆಲಸ ಮಾಡ್ತಿಲ್ವಂತೆ" ಅಂತ ಜೋರಾಗಿ ಕನ್ನಡದಲ್ಲಿ ಓದಿದ್ದೇ ತಪ್ಪಾಯ್ತು. ಪಕ್ಕದಲ್ಲಿ ಕೂತಿದ್ದ ಅತ್ತೆ "ಡಿಕ್ಕಿ ಸರಿಯಾಗಿ ಮುಚ್ಚಿಲ್ಲ ಅನ್ಸತ್ತೆ, ನಿಲ್ಲಿಸಮ್ಮ, ನೋಡ್ಕೊಂಡು ಬರ್ತೀನಿ" ಅಂದರು. ನಿಲ್ಲಿಸಿದೆ. ಅವರು ಇಳಿದು ಹಿಂದೆ ಹೋಗಿ ಡಿಕ್ಕಿಯನ್ನು ಎರಡು ಸಲ ಧಡ್ ಧಡ್ ಅಂತ ಹಾಕಿ ಬಂದರು. ತಮಾಷೆ ಅಂದರೆ, ಕಾರು ಮತ್ತೆ ಸ್ಟಾರ್ಟ್ ಮಾಡಿದಾಗ ದೀಪ ಇರಲಿಲ್ಲ. ಅವತ್ತಿಡೀ ಅವರ ಮುಖ ನೋಡಬೇಕಿತ್ತು.

ನಗುವ ವಿಷಯ ಅಷ್ಟೇ. ಉಳಿದದ್ದು ಸಿಟ್ಟು ಬರುವ ವಿಷಯ. ಈ ಮೂರು ವಾರದಲ್ಲಿ ಯಾರನ್ನು ಕೇಳಿದರೂ ಬಂದ ಸಲಹೆ ಒಂದೇ: "ಲೈಟ್ ಆಫ್ ಮಾಡಿಸಿಬಿಡಿ." ಅದು ಯಾಕೆ ಬರುತ್ತಿದೆ ಅಂತ ಕೇಳಿದವರು ಒಬ್ಬರೇ, ಅವರ ಬಗ್ಗೆ ಆಮೇಲೆ ಹೇಳುತ್ತೇನೆ. ಸುಳ್ಳು ಯಾಕೆ, ಮೊದಲ ವಾರ ನಾನೂ ದೀಪ ಆರಿದರೆ ಸಾಕು ಅನ್ನುವ ಗುಂಪಿನಲ್ಲೇ ಇದ್ದೆ.

ಸ್ವಲ್ಪ ಒಳಗೆ ಏನಿದೆ ಅಂತ ನೋಡೋಣ, ಇಲ್ಲದಿದ್ದರೆ ಮುಂದಿನದು ಅರ್ಥವಾಗಲ್ಲ. ಈ ಸಿಸ್ಟಮ್ ಅಂದರೆ ಗುದ್ದುವ ಹಾಗಾದಾಗ ಎಚ್ಚರಿಸಿ, ತಾನೇ ಬ್ರೇಕ್ ಹಾಕುವ ಏರ್ಪಾಡು. ಅದು ಇರುವ ಹೆಚ್ಚಿನ ಕಾರುಗಳಲ್ಲಿ ಮುಂದಿನ ಗಾಜಿನ ಮೇಲ್ಭಾಗದಲ್ಲಿ, ಕನ್ನಡಿಯ ಹಿಂದೆ, ಒಂದು ಕ್ಯಾಮೆರಾ ಇರುತ್ತದೆ. ಎದುರಿಗಿರುವುದು ಕಾರೋ, ಬೈಕೋ, ಮನುಷ್ಯನೋ ಅಂತ ಗುರುತು ಹಿಡಿಯುವುದು ಅದರ ಕೆಲಸ. ಮುಂದಿನ ಲೋಗೋ ಹಿಂದೆಯೋ ಬಂಪರ್ ಕೆಳಗಿನ ಜಾಲರಿಯಲ್ಲೋ ರಾಡಾರ್ ಇರುತ್ತದೆ. ಅದು 77 ಗಿಗಾಹರ್ಟ್ಸ್ ಆಸುಪಾಸಿನ ಅಲೆ ಕಳಿಸಿ, ವಾಪಸ್ ಬಂದದ್ದನ್ನು ನೋಡಿ ದೂರ ಎಷ್ಟು, ಎಷ್ಟು ವೇಗದಲ್ಲಿ ಹತ್ತಿರ ಆಗುತ್ತಿದೆ ಅಂತ ಲೆಕ್ಕ ಹಾಕುತ್ತದೆ. ಕೆಲವು ಕಾರುಗಳು ಬರೀ ಕ್ಯಾಮೆರಾ ನಂಬಿಕೊಂಡಿವೆ. ಕೊನೆಗೆ ಬ್ರೇಕ್ ಒತ್ತುವುದು ಮಾತ್ರ ಇವೆರಡೂ ಅಲ್ಲ, ಹೆಚ್ಚಾಗಿ ಬ್ರೇಕ್ ಹಾಕಿದಾಗ ಚಕ್ರ ಲಾಕ್ ಆಗದಂತೆ ನೋಡಿಕೊಳ್ಳುವ ಎಬಿಎಸ್ ಯೂನಿಟ್. ಅಂದರೆ ಈ ಸರಪಳಿಯಲ್ಲಿ ಎಲ್ಲಿ ಕೊಂಡಿ ಕಳಚಿದರೂ ಹತ್ತುವುದು ಅದೇ ಒಂದು ದೀಪ. ನನ್ನ ಅರ್ಧ ಸಿಟ್ಟು ಇಲ್ಲಿಯೇ.

ಇದೆಲ್ಲ ಸುಮ್ನೆ ಶೋಕಿ, ಬೇಡ ಬಿಡಿ ಅನ್ನುವವರಿಗೆ ಒಂದು ಮಾತು. 2003ರಲ್ಲೇ ಹೋಂಡಾ, ಟೊಯೊಟಾ ಜಪಾನಿನಲ್ಲಿ ರಾಡಾರ್ ನಂಬಿ ಬ್ರೇಕ್ ಹಾಕುವ ಕಾರು ತಂದಿದ್ದವು. 2008ರಲ್ಲಿ ವೋಲ್ವೋ ತನ್ನ ಎಕ್ಸ್‌ಸಿ60ಯಲ್ಲಿ ಕಡಿಮೆ ವೇಗದ ಡಿಕ್ಕಿ ತಪ್ಪಿಸುವ ಏರ್ಪಾಡನ್ನು ಕಾರಿನ ಜೊತೆಗೇ ಕೊಟ್ಟಿತು. ಯುರೋಪಿನ ಒಕ್ಕೂಟದಲ್ಲಿ 2024ರ ಜುಲೈನಿಂದ ಮಾರಾಟವಾಗುವ ಪ್ರತಿ ಹೊಸ ಕಾರಿಗೂ ಇದು ಕಡ್ಡಾಯ. ಅಮೆರಿಕದಲ್ಲಿ ವಿಮಾ ಕಂಪನಿಗಳು ನಡೆಸುವ ಸುರಕ್ಷತಾ ಸಂಸ್ಥೆಯೊಂದು ಲೆಕ್ಕ ತೆಗೆದಾಗ, ತಾನೇ ಬ್ರೇಕ್ ಹಾಕುವ ಕಾರುಗಳು ಮುಂದಿನ ಗಾಡಿಗೆ ಹಿಂದಿನಿಂದ ಗುದ್ದುವುದು ಸುಮಾರು ಅರ್ಧಕ್ಕೆ ಇಳಿದಿತ್ತು. ಅರ್ಧ! ಹಾಗಾಗಿ ದೀಪ ಹತ್ತಿದೆ ಅಂದರೆ ಸುಮ್ಮನೆ ಬಿಡುವಂಥದ್ದಲ್ಲ.

ಮೊದಲು ಬಣ್ಣ ನೋಡಿ. ಕೆಂಪು ದೀಪ, ಜೊತೆಗೆ ಕಿರುಚಾಟ ಬಂದರೆ ಅದು ರಿಪೇರಿ ವಿಷಯವೇ ಅಲ್ಲ, ಮುಂದೆ ಏನೋ ಇದೆ, ಬ್ರೇಕ್ ಹಾಕಿ. ಹಳದಿ ಅಂದರೆ "ನನಗೆ ಕಾಣ್ತಿಲ್ಲ, ನನ್ನ ನಂಬಬೇಡ" ಅಂತ. ಆಮೇಲೆ, ನಾಚಿಕೆ ಬಿಟ್ಟು, ಯಾರಾದರೂ ಅದನ್ನು ಆಫ್ ಮಾಡಿದ್ದಾರಾ ನೋಡಿ. ಸ್ಟೇರಿಂಗ್ ಹತ್ತಿರ ಬಟನ್ ಇರಬಹುದು, ಸ್ಕ್ರೀನಿನ ಮೆನುವಿನೊಳಗೆ ಇರಬಹುದು. ಹಲವು ಕಾರುಗಳಲ್ಲಿ ಚಕ್ರ ಜಾರದಂತೆ ತಡೆಯುವ ಟ್ರ್ಯಾಕ್ಷನ್ ಕಂಟ್ರೋಲ್ ಬಟನ್ ಒತ್ತಿ ಹಿಡಿದರೂ ಇದು ಜೊತೆಗೆ ಮಲಗಿಬಿಡುತ್ತದೆ. ನನ್ನ ಗೆಳತಿಯ ಮಗ ಆ ಬಟನ್ ಒತ್ತಿ ಆಟವಾಡಿ, ಅವಳು ಎರಡು ದಿನ ಗ್ಯಾರೇಜ್ ಸುತ್ತಿದ್ದಳು.

ಇನ್ನು ಪಕ್ಕದ ಬರಹ. "ಸದ್ಯಕ್ಕೆ ಇಲ್ಲ" ಅನ್ನುವ ಅರ್ಥದ ಸಾಲು ಬಂದರೆ ಹೆಚ್ಚಾಗಿ ಕೊಳೆ, ಮಳೆ, ಮಂಜು ಅಥವಾ ನೇರವಾಗಿ ಕಣ್ಣಿಗೆ ಹೊಡೆಯುವ ಬಿಸಿಲು. "ಸರ್ವಿಸ್ ಮಾಡಿಸಿ" ಅಂತ ಬಂದರೆ ಕಾರಿನ ಕಂಪ್ಯೂಟರಿನೊಳಗೆ ಏನು ತೊಂದರೆ ಅಂತ ಗುರುತಿಸುವ ಕೋಡ್ ದಾಖಲಾಗಿದೆ ಅಂತ ಅರ್ಥ. ಮೊದಲನೆಯದಕ್ಕೆ ನಾವೇ ಮಾಡಬಹುದಾದ ಕೆಲಸ ಒಂದು ಮೆತ್ತನೆ ಬಟ್ಟೆ, ಸ್ವಲ್ಪ ನೀರು. ಕ್ಯಾಮೆರಾ ಮುಂದಿನ ಗಾಜನ್ನು ಹೊರಗಿನಿಂದ ಒರೆಸಿ. ವೈಪರ್ ರಬ್ಬರ್ ಹಳೆಯದಾಗಿ ಅಲ್ಲಿಯೇ ಗೆರೆ ಎಳೆಯುತ್ತಿದ್ದರೆ ಅದನ್ನೂ ಬದಲಿಸಿ. ರಾಡಾರ್ ಮುಂದಿನ ಪ್ಲಾಸ್ಟಿಕ್ ಮೇಲೆ ಕೆಸರು, ಸತ್ತ ಹುಳ ಮೆತ್ತಿಕೊಂಡಿರುತ್ತವೆ, ಅದನ್ನು ಕೆರೆಯಬೇಡಿ, ನೆನೆಸಿ ತೆಗೆಯಿರಿ. ಜನ ಮರೆಯುವುದು ಗಾಜಿನ ಒಳಬದಿ. ಡ್ಯಾಶ್‌ಬೋರ್ಡಿನ ಪ್ಲಾಸ್ಟಿಕ್ ಬಿಸಿಲಿಗೆ ಕಾದು ಬಿಡುವ ಆವಿ ಗಾಜಿಗೆ ಒಳಗಿನಿಂದ ತೆಳ್ಳಗೆ ಅಂಟಿಕೊಳ್ಳುತ್ತದೆ. ನಮಗೆ ಕಾಣುವುದೇ ಇಲ್ಲ, ಕ್ಯಾಮೆರಾಗೆ ಅದು ಮಂಜಿನ ಪರದೆ. ಆದರೆ ಅಲ್ಲಿಗೆ ಕೈ ಹೋಗಬೇಕಾದರೆ ಹೆಚ್ಚಿನ ಕಾರುಗಳಲ್ಲಿ ಕ್ಯಾಮೆರಾದ ಕವರ್ ಬಿಚ್ಚಬೇಕು, ಆ ಕೆಲಸ ಗೊತ್ತಿದ್ದವರಿಗೆ ಬಿಡಿ. ಲೆನ್ಸ್ ಮುಟ್ಟಲೇಬೇಡಿ.

ನಾನು ಎಲ್ಲ ಒರೆಸಿದೆ. ದೀಪ ಹೋಯ್ತು. ಮರುದಿನ ಬಂತು.

ಆಗ ಮಾಡಿದ ಒಂದೇ ಬುದ್ಧಿವಂತ ಕೆಲಸ ಅಂದರೆ ಫೋನಿನಲ್ಲಿ ಬರೆದಿಡಲು ಶುರು ಮಾಡಿದ್ದು. ಎಷ್ಟು ಹೊತ್ತಿಗೆ ಬಂತು, ಮಳೆ ಇತ್ತಾ, ಬಿಸಿಲು ಯಾವ ಕಡೆ, ಎಂಥ ರಸ್ತೆ, ಎಷ್ಟು ವೇಗ. ಐದಾರು ದಿನದಲ್ಲಿ ಒಂದು ವಿಷಯ ಹೊಳೆಯಿತು. ಮಳೆಗೂ ದೀಪಕ್ಕೂ ಸಂಬಂಧವೇ ಇಲ್ಲ. ಸಣ್ಣ ರಸ್ತೆಗಳಲ್ಲಿ ಎಷ್ಟು ಓಡಿಸಿದರೂ ಬರಲ್ಲ. ದೊಡ್ಡ ರಸ್ತೆಗೆ ಹೋಗಿ, ಬಿಳಿ ಗೆರೆ ಚೆನ್ನಾಗಿ ಕಾಣುವ ಕಡೆ ಹತ್ತು ನಿಮಿಷ ಓಡಿಸಿದರೆ ಬರುತ್ತದೆ. ಕೊಳೆಯಾದರೆ ಗೆರೆ ನೋಡಿಕೊಂಡು ಬರುತ್ತದಾ?

ಈ ಟಿಪ್ಪಣಿ ಹಿಡಿದುಕೊಂಡು ಒಂದು ಗ್ಯಾರೇಜಿಗೆ ಹೋದೆ. ಹೆಸರು ಬೇಡ. ಅಲ್ಲಿದ್ದ ಹುಡುಗ ನನ್ನ ಟಿಪ್ಪಣಿ ಕಡೆ ತಿರುಗಿಯೂ ನೋಡಲಿಲ್ಲ, ಕೋಡ್ ಓದುವ ಸ್ಕ್ಯಾನರ್ ಹಾಕುವ ಮೊದಲೇ "ಸೆನ್ಸರ್ ಹೋಗಿದೆ ಮೇಡಂ, ಹೊಸದು ಹಾಕ್ಬೇಕು" ಅಂದ. ಯಾವ ಸೆನ್ಸರ್ ಅಂದರೆ "ಮುಂದಿಂದು." ಬೇಡ ಅಂದಾಗ ಸ್ಕ್ಯಾನರ್ ಚುಚ್ಚಿ, ಕೋಡ್ ಏನು ಅಂತ ನನಗೂ ತೋರಿಸದೆ, ತಾನೂ ಬರೆದುಕೊಳ್ಳದೆ, ಅಳಿಸಿಬಿಟ್ಟ. "ನೋಡಿ ಮೇಡಂ, ಹೋಯ್ತು." ಎರಡು ದಿನ ಹೋಗಿತ್ತು. ಮೂರನೇ ದಿನ ದೊಡ್ಡ ರಸ್ತೆಯಲ್ಲಿ ಮತ್ತೆ ಹಾಜರ್.

ಬಂದ ಕಾಗದವನ್ನು ಒಡೆದು ಓದದೆ ಒಲೆಗೆ ಹಾಕಿದ ಹಾಗೆ ಇದು. ಕೋಡ್ ಜೊತೆಗೆ ಹಲವು ಕಾರುಗಳು ಆ ಗಳಿಗೆಯಲ್ಲಿ ವೇಗ ಎಷ್ಟಿತ್ತು, ಬ್ಯಾಟರಿ ವೋಲ್ಟೇಜ್ ಎಷ್ಟಿತ್ತು ಅಂತೆಲ್ಲ ಉಳಿಸಿಕೊಂಡಿರುತ್ತವೆ. ಅಳಿಸಿದರೆ ಅದೂ ಹೋಯ್ತು. ಬ್ಯಾಟರಿ ವೈರ್ ಬಿಚ್ಚಿ ಹಾಕಿದರೂ ಹಾಗೆಯೇ ಆಗಬಹುದು, ಆ ಚಿಟಿಕೆ ವೈದ್ಯ ಮಾಡಬೇಡಿ. ಕಾರಿಗೆ ಚುಚ್ಚಿ ಫೋನಿನಲ್ಲಿ ಕೋಡ್ ನೋಡುವ, ನಿಮ್ಮ ಹತ್ತಿರ ಇರಬಹುದಾದ ಸಣ್ಣ ಬ್ಲೂಟೂತ್ ಓಬಿಡಿ ಸ್ಕ್ಯಾನರ್ ಹೆಚ್ಚಾಗಿ ಇಂಜಿನ್ ಕೋಡ್ ಮಾತ್ರ ಓದುತ್ತದೆ. ಅದರಲ್ಲಿ "ಏನೂ ತೊಂದರೆ ಇಲ್ಲ" ಅಂತ ಬಂದರೆ ರಾಡಾರ್ ಸರಿ ಇದೆ ಅಂತ ಅರ್ಥ ಅಲ್ಲ, ಅದು ರಾಡಾರಿನ ಬಾಗಿಲನ್ನೇ ತಟ್ಟಿರಲ್ಲ. ಆ ಕಂಪನಿಯ ಕಾರನ್ನು ಪೂರ್ತಿ ಓದುವ ಸ್ಕ್ಯಾನರ್ ಬೇಕು. ಕೋಡಿನ ಮೊದಲ ಅಕ್ಷರ ಕೇಳಿ: ಸಿ ಅಂದರೆ ಬ್ರೇಕ್, ಚಕ್ರ, ಸ್ಟೇರಿಂಗ್ ಕಡೆಯದು. ಯು ಅಂದರೆ ಕಾರಿನೊಳಗಿನ ಕಂಪ್ಯೂಟರ್ ಯೂನಿಟ್‌ಗಳ ನಡುವೆ ಮಾತು ನಿಂತಿದೆ, ಅದು ಬರೀ ಸಡಿಲ ಕನೆಕ್ಟರ್ ಕೂಡ ಆಗಿರಬಹುದು. ಹೊಸ ರಾಡಾರ್ ಕೊಳ್ಳುವ ಮೊದಲು ಕೇಳಲೇಬೇಕಾದದ್ದು ಇದು.

ಎರಡನೇ ಕಡೆ ಸಿಕ್ಕಿದವರು ಸ್ವಲ್ಪ ವಯಸ್ಸಾದ ಮೆಕ್ಯಾನಿಕ್. ಕಾರಿನ ಹತ್ತಿರವೂ ಬರದೆ ಕೂತಲ್ಲಿಂದಲೇ ಕೇಳಿದರು: "ಇತ್ತೀಚೆಗೆ ಗಾಡಿಗೆ ಏನು ಕೆಲಸ ಮಾಡ್ಸಿದೀರಮ್ಮ?"

ಏನೂ ಇಲ್ಲ ಅಂದೆ. ಆಮೇಲೆ ನೆನಪಾಯ್ತು. ದೀಪ ಶುರುವಾಗುವ ಒಂದು ವಾರ ಮೊದಲು, ಕಲ್ಲು ಸಿಡಿದು ಬಿರುಕು ಬಿಟ್ಟಿದ್ದ ಮುಂದಿನ ಗಾಜು ಬದಲಿಸಿದ್ದೆ. ಗಾಜಿನ ಜೊತೆ ಕ್ಯಾಮೆರಾ ಬಿಚ್ಚಿ ಮತ್ತೆ ಕೂರಿಸುತ್ತಾರಲ್ವಾ, ಆಗ ಅದು ಕೂದಲೆಳೆಯಷ್ಟು ಓರೆಯಾದರೂ ಕ್ಯಾಲಿಬ್ರೇಷನ್, ಅಂದರೆ ಅದರ ನೋಟವನ್ನು ಅಳತೆ ಮಾಡಿ ನೇರ ಮಾಡುವ ಕೆಲಸ, ಆಗಬೇಕು. ನನಗೆ ಯಾರೂ ಹೇಳಿರಲಿಲ್ಲ. ಕ್ಯಾಮೆರಾ ಪಾಪ ರಸ್ತೆಯ ಗೆರೆ ನೋಡಿಕೊಂಡು ತನ್ನ ಓರೆಯನ್ನು ತಾನೇ ಸರಿಮಾಡಿಕೊಳ್ಳಲು ಒದ್ದಾಡುತ್ತಿತ್ತಂತೆ, ಮಿತಿ ದಾಟಿದಾಗ ಕೈಚೆಲ್ಲಿ ದೀಪ ಹಚ್ಚುತ್ತಿತ್ತು. ಹತ್ತು ನಿಮಿಷದ ಲೆಕ್ಕ ಅಲ್ಲಿಗೆ ಸರಿಹೋಯ್ತು. ಅವರು ಟಿಪ್ಪಣಿ ಓದಿ "ಇದನ್ನ ಮೊದಲೇ ಯಾರಾದ್ರೂ ಓದಿದ್ರೆ ಸಾಕಿತ್ತು" ಅಂದರು. ಖುಷಿಯಾಯ್ತು ನನಗೆ.

ಕೂದಲೆಳೆಯಷ್ಟು ಓರೆಗೆ ಇಷ್ಟು ರಂಪ ಯಾಕೆ ಅಂದರೆ ಲೆಕ್ಕ ಮಾಡಿ ನೋಡಿ. ನೋಟ ಬರೀ 1 ಡಿಗ್ರಿ ತಿರುಗಿದರೆ 100 ಮೀಟರ್ ದೂರದಲ್ಲಿ ಸುಮಾರು 1.75 ಮೀಟರ್ ಪಕ್ಕಕ್ಕೆ ಸರಿಯುತ್ತದೆ. ಹೆದ್ದಾರಿಯ ಒಂದು ಲೇನ್ ಇರುವುದೇ ಸುಮಾರು ಮೂರೂವರೆ ಮೀಟರ್. ಅರ್ಧ ಲೇನ್ ತಪ್ಪು! ಪಕ್ಕದ ಲೇನಿನ ಲಾರಿಗೆ ನನ್ನ ಕಾರು ಬ್ರೇಕ್ ಹಾಕಬಹುದು, ಎದುರಿನದಕ್ಕೆ ಹಾಕದೆ ಇರಬಹುದು. 100 ಕಿಲೋಮೀಟರ್ ವೇಗದಲ್ಲಿ ಒಂದು ಸೆಕೆಂಡಿಗೆ 28 ಮೀಟರ್ ಹೋಗುತ್ತೇವೆ, ಯೋಚಿಸಲು ಎಲ್ಲಿದೆ ಸಮಯ. ಹಾಗಾಗಿ ದೀಪ ಹಚ್ಚಿ ಹಿಂದೆ ಸರಿದ ಆ ಕ್ಯಾಮೆರಾ ಮೇಲೆ ನನಗೆ ಗೌರವ ಬಂತು. ಗೊತ್ತಿಲ್ಲದಿದ್ದರೂ ಗೊತ್ತಿದೆ ಅನ್ನುವ ಆ ಮೊದಲನೇ ಗ್ಯಾರೇಜಿನ ಹುಡುಗನಿಗಿಂತ ವಾಸಿ.

ಕ್ಯಾಲಿಬ್ರೇಷನ್ ನೋಡಲು ಚೆನ್ನಾಗಿತ್ತು. ಸಮತಟ್ಟಾದ ನೆಲ, ಕಾರಿನ ಮುಂದೆ ಅಳತೆ ಮಾಡಿ ನಿಲ್ಲಿಸಿದ ಚೌಕಳಿ ಬೋರ್ಡ್. ಮೊದಲು ಟೈರಿನ ಗಾಳಿ ಸರಿ ಮಾಡಿದರು. ಡಿಕ್ಕಿಯಲ್ಲಿದ್ದ ಸಾಮಾನೆಲ್ಲ ಇಳಿಸಿ ಅಂದರು, ಭಾರಕ್ಕೆ ಹಿಂದೆ ಕುಸಿದರೆ ಮುಂದಿನ ನೋಟ ಮೇಲೆ ಹೋಗುತ್ತದಂತೆ. (ಅತ್ತೆ ಹೇಳಿದ್ದರಲ್ಲಿ ಸ್ವಲ್ಪ ಸತ್ಯ ಇತ್ತು ಅಂತ ಮನೆಯಲ್ಲಿ ಇನ್ನೂ ಹೇಳಿಲ್ಲ.) ಕೆಲವು ಕಾರುಗಳಿಗೆ ಬೋರ್ಡ್ ಬೇಡ, ಸ್ಕ್ಯಾನರ್ ಹಾಕಿಕೊಂಡು ಗೆರೆ ಚೆನ್ನಾಗಿರುವ ರಸ್ತೆಯಲ್ಲಿ ಹೇಳಿದ ವೇಗದಲ್ಲಿ ಓಡಿಸಿದರೆ ತಾನೇ ಕಲಿಯುತ್ತದೆ. ಕೆಲವಕ್ಕೆ ಎರಡೂ ಬೇಕು.

ಗಾಜು ಹಾಕಿದವರಿಗೆ ಫೋನ್ ಮಾಡಿ ಕೇಳಿದೆ. "ಗಾಜಿನ ಕೆಲಸ ನಮ್ಮದು ಮೇಡಂ, ಕ್ಯಾಮೆರಾ ನಮಗೆ ಬರಲ್ಲ" ಅಂದರು. ಬರದಿದ್ದರೆ ಬೇಡ. ಬಿಚ್ಚಿದ್ದೀವಿ, ಬೇರೆ ಕಡೆ ಕ್ಯಾಲಿಬ್ರೇಷನ್ ಮಾಡಿಸಿ ಅಂತ ಬಿಲ್ ಮೇಲೆ ಒಂದು ಸಾಲು ಬರೆಯಲು ಏನು ಕಷ್ಟ? ಇನ್ನು ಕಾರು ಮಾಡುವವರು. ಹಾಡಿನ ಫೋಟೋ ತೋರಿಸಲು ಅಷ್ಟು ದೊಡ್ಡ ಸ್ಕ್ರೀನ್ ಇಡುತ್ತಾರೆ. "ಕ್ಯಾಮೆರಾ ಓರೆಯಾಗಿದೆ" ಅಂತ ಅದರಲ್ಲಿ ಬರೆಯಲು ಜಾಗ ಇಲ್ಲ. ಒಳಗಿನ ಕಂಪ್ಯೂಟರಿಗೆ ಗೊತ್ತಿದೆ, ಕೋಡ್ ಬರೆದುಕೊಂಡಿದೆ, ಕಾರಿನ ಯಜಮಾನರಿಗೆ ಮಾತ್ರ ಹೇಳಲ್ಲ. ಕೊಳೆಗೂ ಅದೇ ದೀಪ, ಕೆಟ್ಟ ವೈರಿಗೂ ಅದೇ ದೀಪ.

ಎಲ್ಲರದ್ದೂ ನನ್ನ ಹಾಗೆ ಗಾಜಿನ ಕಥೆ ಆಗಿರಲ್ಲ. ನಮ್ಮ ಭಾವನ ಕಾರಿನಲ್ಲಿ ಇದೇ ದೀಪ ಬಂದಾಗ ಎಲ್ಲರೂ ರಾಡಾರ್ ಹಿಂದೆ ಬಿದ್ದರು. ಆದರೆ ಅವರ ಮೀಟರಿನಲ್ಲಿ ಎಬಿಎಸ್, ಟ್ರ್ಯಾಕ್ಷನ್ ದೀಪಗಳೂ ಜೊತೆಗೇ ಬಂದಿದ್ದವು. ಹಾಗೆ ಗುಂಪಾಗಿ ಬಂದರೆ ಸಾಮಾನ್ಯವಾಗಿ ಬ್ರೇಕ್ ಕಡೆ ಹುಡುಕಬೇಕು, ಡಿಕ್ಕಿ ದೀಪ ಬರೀ ಹಿಂಬಾಲಕ. ಒಂದು ಚಕ್ರದ ಸ್ಪೀಡ್ ಸೆನ್ಸರ್ ವೈರ್ ಕಿತ್ತುಹೋಗಿತ್ತು, ಅಷ್ಟೇ. ಬೆಳಿಗ್ಗೆ ಸ್ಟಾರ್ಟ್ ಮಾಡಿದ ತಕ್ಷಣ ದೀಪಗಳ ಜಾತ್ರೆಯೇ ಆದರೆ ಬ್ಯಾಟರಿ ಅಳತೆ ಮಾಡಿಸಿ. ಪೂರ್ತಿ ಚಾರ್ಜ್ ಆದ ಬ್ಯಾಟರಿ ಇಂಜಿನ್ ನಿಂತಿದ್ದಾಗ 12.6 ವೋಲ್ಟ್ ಹತ್ತಿರ ಇರಬೇಕು, 12ಕ್ಕೆ ಇಳಿದಿದ್ದರೆ ಅದು ಸೊರಗಿದೆ. ಗೆಳತಿಯೊಬ್ಬಳು ಬಂಪರಿಗೆ ದಪ್ಪಗೆ ಪುಟ್ಟಿ ಮೆತ್ತಿಸಿ ಬಣ್ಣ ಹೊಡೆಸಿದ ಮೇಲೆ ಅವಳ ರಾಡಾರ್ ಕುರುಡಾಯ್ತು. ಲೋಗೋ ಬದಲಿಸಿ ಹೊಳೆಯುವ ಲೋಹದ್ದು ಹಾಕಿದರೂ, ಮುಂದೆ ಕಬ್ಬಿಣದ ಗಾರ್ಡ್ ಕಟ್ಟಿಸಿದರೂ, ಕ್ಯಾಮೆರಾ ಎದುರಿಗೇ ಸ್ಟಿಕ್ಕರ್ ಅಥವಾ ಡ್ಯಾಶ್‌ಕ್ಯಾಮ್ ಅಂಟಿಸಿದರೂ ಇದೇ ಗತಿ.

ದೀಪ ಇಟ್ಟುಕೊಂಡು ಓಡಿಸಬಹುದಾ ಅಂತ ಬಹಳ ಜನ ಕೇಳಿದರು. ಆ ಹಳದಿ ದೀಪ ಒಂದೇ ಇದ್ದರೆ ನಿಮ್ಮ ಕಾಲಿನ ಬ್ರೇಕ್ ಎಂದಿನಂತೆ ಕೆಲಸ ಮಾಡುತ್ತದೆ, ಅಂತರ ಜಾಸ್ತಿ ಇಟ್ಟು ಓಡಿಸಿ, ಮುಂದಿನ ಗಾಡಿ ನೋಡಿ ವೇಗ ಹೊಂದಿಸುವ ಕ್ರೂಸ್ ಕಂಟ್ರೋಲನ್ನು ನಂಬಬೇಡಿ. ಕೆಂಪು ಬ್ರೇಕ್ ದೀಪವೂ ಜೊತೆಗಿದ್ದರೆ ಪಕ್ಕಕ್ಕೆ ಹಾಕಿ ನಿಲ್ಲಿಸಿ. ಏನೂ ಇಲ್ಲದ ಕಡೆ ಕಾರು ತಾನೇ ಗಕ್ಕನೆ ಬ್ರೇಕ್ ಹಾಕುತ್ತಿದೆ ಅಂದರೆ ಮಾತ್ರ, ಗ್ಯಾರೇಜ್ ತಲುಪುವವರೆಗೆ ಮೆನುವಿನಲ್ಲಿ ಆಫ್ ಮಾಡಿ. ಆಫ್ ಮಾಡಿದ್ದು ನಿಮಗೆ ನೆನಪಿರಲಿ ಅಷ್ಟೇ.

ನನ್ನದು ಸರಿಯಾಗಿ ಹತ್ತು ದಿನ ಆಯ್ತು. ಇವತ್ತು ಬೆಳಿಗ್ಗೆ ಅತ್ತೆಯ ಜೊತೆ ಪೂರ್ವಕ್ಕೆ ಹೋಗುವಾಗ ಎದುರಿಗೆ ಬಿಸಿಲು, ದೀಪ ಹತ್ತಿತು. ಅತ್ತೆ ಸೀಟ್ ಬೆಲ್ಟ್ ಬಿಚ್ಚಲು ಕೈ ಹಾಕಿದರು.

"ಮತ್ತೆ ಡಿಕ್ಕಿನಾ?"

"ಅಲ್ಲ ಅತ್ತೆ, ಬಿಸಿಲು."

ರಸ್ತೆ ತಿರುಗಿತು, ದೀಪ ಆರಿತು. ಅವರಿಗೆ ನಂಬಿಕೆ ಬಂದ ಹಾಗೆ ಕಾಣಲಿಲ್ಲ, ಇಳಿದಾಗ ಹಿಂದೆ ಹೋಗಿ ಒಂದು ಸಲ ಧಡ್ ಅನಿಸಿಯೇ ಒಳಗೆ ಹೋದರು.